ಎರವಲು ನುಡಿಯ ಶೋಕ: ಒಂದು ಡೇನಿಷ್ ಕಿರುಚಿತ್ರದ ವಿಚಾರ

ಡೇನಿಷ್ ಭಾಷೆಯಲ್ಲಿ ಅಲ್ಪಾವಧಿಯ ಕಥಾಚಿತ್ರಕ್ಕೆ ‘ನೊವೆಲ್ಲೆಫಿಲ್ಮ್’ ಎಂಬ ಹೆಸರು ರೂಢಿಯಲ್ಲಿದೆ. ‘ನೊವೆಲ್ಲೆ’ ಎಂದರೆ ಆ ಭಾಷೆಯಲ್ಲಿ ಸಣ್ಣಕಥೆ. ಹೆಸರಿನಲ್ಲಿಯೇ ವಿಮರ್ಶೆಯ ಸೂತ್ರವೊಂದು ಅಡಗಿದೆ. ಕಿರುಚಿತ್ರವೆಂಬುದು ದೊಡ್ಡ ಚಿತ್ರವನ್ನು ಮೊಟಕುಮಾಡಿದ ರೂಪವಲ್ಲ; ಕಾದಂಬರಿಗೂ ಸಣ್ಣಕಥೆಗೂ ಎಷ್ಟು ದೂರವೋ ಅಷ್ಟೇ ದೂರ ಇವೆರಡಕ್ಕೂ ಉಂಟು. ಒಂದು ಸನ್ನಿವೇಶ, ಇಬ್ಬರು ಮೂವರು ಮನುಷ್ಯರು, ಹೆಚ್ಚೆಂದರೆ ಒಂದು ತಿರುವು. ಇಷ್ಟರಿಂದಲೇ ಅದು ತನ್ನ ಕೆಲಸವನ್ನು ಸಾಧಿಸಬೇಕು. ಪಾತ್ರಗಳ ಪೂರ್ವಕಥೆಯನ್ನು ಬಿಡಿಸಿ ಹೇಳಲು ಅಲ್ಲಿ ಎಡೆಯಿಲ್ಲ. ಆದುದರಿಂದ ಯಾವುದನ್ನು ಹೇಳದೆ ಬಿಟ್ಟಿದೆ, ಎಷ್ಟು ಹೊತ್ತು ಬಿಟ್ಟಿದೆ, ಏಕೆ ಬಿಟ್ಟಿದೆ ಎಂಬ ಪ್ರಶ್ನೆಗಳು ಈ ಪ್ರಕಾರದಲ್ಲಿ ಕೇವಲ ತಂತ್ರದ ಪ್ರಶ್ನೆಗಳಾಗಿ ಉಳಿಯುವುದಿಲ್ಲ, ಔಚಿತ್ಯದ ಪ್ರಶ್ನೆಗಳಾಗುತ್ತವೆ.

ಪ್ರಕೃತ ನಾವು ಪರಿಶೀಲನೆಗೆ ಎತ್ತಿಕೊಂಡಿರುವುದು ಮಾರ್ಟಿನ್ ಸ್ಟ್ರಾಂಗೆ-ಹ್ಯಾನ್ಸನ್ ನಿರ್ದೇಶಿಸಿದ, 2021ರಲ್ಲಿ ಬಂದ ‘ಆನ್ ಮೈ ಮೈಂಡ್’ ಎಂಬ ಚಿತ್ರವನ್ನು. ಹೆಸರು ಇಂಗ್ಲಿಷಿನದು, ಮಾತು ಡೇನಿಷಿನದು, ಅವಧಿ 18 ನಿಮಿಷ. 2022ರ ಆಸ್ಕರ್ ಪ್ರಶಸ್ತಿಗೆ ಕಿರು ಕಥಾಚಿತ್ರಗಳ ವರ್ಗದಲ್ಲಿ ಇದನ್ನು ಹೆಸರಿಸಿದ್ದರು. ಪ್ರಶಸ್ತಿ ಬೇರೊಂದು ಚಿತ್ರಕ್ಕೆ ಸಂದಿತು. ಈ ನಿರ್ದೇಶಕನಿಗೆ ಆ ಪ್ರಶಸ್ತಿ ಅಪರಿಚಿತವೇನಲ್ಲ. ತನ್ನ 2002ರ ‘ದೇರ್ ಎರ್ ಎನ್ ಯುಂದಿ ಮಾನ್’ ಎಂಬ ಹಾಸ್ಯಚಿತ್ರಕ್ಕಾಗಿ 2003ರಲ್ಲಿ ಆತ ಅದನ್ನು ಪಡೆದಿದ್ದ. (ಆ ಚಿತ್ರದ ಹೆಸರು ಡೆನ್ಮಾರ್ಕಿನ ರಾಷ್ಟ್ರಗೀತೆಯ ಮೊದಲ ಮಾತುಗಳ ಮೇಲಿನ ಶ್ಲೇಷೆ.) ಅದರಲ್ಲಿ ಕಚೇರಿಯ ಕಾಗದಪತ್ರದ ಪ್ರಮಾದದಿಂದ ಲಾರ್ಸ್ ಹ್ಯಾನ್ಸನ್ ಎಂಬ ಅಪ್ಪಟ ಡೇನಿಷ್ ಮನುಷ್ಯ ಎಲ್ ಹಸನ್ ಎಂಬ ವಲಸಿಗನೆಂದು ದಾಖಲಾಗಿ, ತನ್ನ ಮಾತೃಭಾಷೆಯ ತರಗತಿಗೇ ಕಲಿಯುವವನಾಗಿ ಹೋಗಿ ಕೂರುತ್ತಾನೆ. ತನ್ನದಲ್ಲದ ಹೆಸರಿನಲ್ಲಿ ತನ್ನ ಭಾಷೆಯನ್ನೇ ತೊದಲುವ ಆ ಮನುಷ್ಯನನ್ನು ನಾವು ನೆನಪಿನಲ್ಲಿಟ್ಟುಕೊಳ್ಳುವುದು ಒಳ್ಳೆಯದು. ಸುಮಾರು ಇಪ್ಪತ್ತು ವರ್ಷಗಳ ಬಳಿಕ ಅದೇ ನಿರ್ದೇಶಕ ತನ್ನದಲ್ಲದ ಮಾತಿನಲ್ಲಿ ತನ್ನ ದುಃಖವನ್ನು ಹೇಳುವ ಇನ್ನೊಬ್ಬ ಮನುಷ್ಯನನ್ನು ನಮ್ಮ ಮುಂದೆ ನಿಲ್ಲಿಸುತ್ತಾನೆ.

ಕಥೆ ಇಷ್ಟೆ. ಕುಡಿಯುವವರು ಬರುವ ಹೊತ್ತಿಗೆ ಬಹಳ ಮುಂಚೆ, ಹಗಲಿನಲ್ಲಿ, ಡೇನಿಷ್ ಜನ ‘ಬೊದೇಗ’ ಎಂದು ಕರೆಯುವ ಬಗೆಯ ಒಂದು ಸಾಧಾರಣ ಪಾನಗೃಹಕ್ಕೆ ಹೆನ್ರಿಕ್ ಎಂಬಾತ ಬರುತ್ತಾನೆ. ಒಳಗೆ ಇರುವವರು ಇಬ್ಬರೇ: ಮದ್ಯ ಬಡಿಸುವ ಲೂಯಿಸ್, ಲೆಕ್ಕಪತ್ರಗಳಲ್ಲಿ ತಲೆಹುದುಗಿಸಿರುವ ಯಜಮಾನ ಪ್ರೇಬೆನ್. ಹೆನ್ರಿಕ್ ವಿಸ್ಕಿ ಕೇಳುತ್ತಾನೆ. ಅಷ್ಟರಲ್ಲಿ ಅಲ್ಲಿಯ ಕರೋಕೆ ಯಂತ್ರ ಅವನ ಕಣ್ಣಿಗೆ ಬೀಳುತ್ತದೆ. ತಾನೊಂದು ಹಾಡನ್ನು ಹಾಡಬೇಕು, ಅದನ್ನು ಹೆಂಡತಿಗಾಗಿ ಫೋನಿನಲ್ಲಿ ಚಿತ್ರಿಸಿಕೊಳ್ಳಬೇಕು, ಅದು ಇಂದೇ ಆಗಬೇಕು, ಈಗಲೇ ಆಗಬೇಕು. ಲೂಯಿಸ್ ಒಪ್ಪುತ್ತಾಳೆ, ಪ್ರೇಬೆನ್ ಒಪ್ಪುವುದಿಲ್ಲ. ಜಗ್ಗಾಟ ನಡೆಯುತ್ತದೆ. ಕೊನೆಗೂ ಹಾಡು ಆಗುತ್ತದೆ. ಆ ಹೆಂಡತಿ ಆಸ್ಪತ್ರೆಯಲ್ಲಿ ಯಂತ್ರಗಳ ಆಸರೆಯಿಂದ ಉಸಿರಾಡುತ್ತಿದ್ದಾಳೆ, ಆ ಆಸರೆಯನ್ನು ತೆಗೆಯುವ ದಿನ ಇದೇ ಎಂಬುದು ನಮಗೆ ತಿಳಿಯುವಾಗ ಚಿತ್ರ ಮುಗಿಯುತ್ತ ಬಂದಿರುತ್ತದೆ. ರಾಸ್ಮುಸ್ ಹ್ಯಾಮರಿಕ್, ಕಮಿಲ್ಲ ಬೆಂಡಿಕ್ಸ್, ಓಲೆ ಗೋರ್ಟರ್ ಬೊಯಿಸನ್, ಈ ಮೂವರದು ಮುಖ್ಯ ಅಭಿನಯ.

ಇಂತಹ ಕಥೆಯನ್ನು ಕೇಳಿದೊಡನೆ ಎಚ್ಚರವುಳ್ಳ ವಾಚಕರಲ್ಲಿ ಒಂದು ಸಂದೇಹ ಏಳುವುದು ಸಹಜ. ಮುಖ್ಯ ಸಂಗತಿಯನ್ನು ಕೊನೆಯವರೆಗೆ ಬಚ್ಚಿಟ್ಟು, ಆಮೇಲೆ ತಟ್ಟನೆ ಹೊರಗೆಡಹಿ ಕಣ್ಣೀರು ತರಿಸುವುದು ಜಾದೂಗಾರನ ಕೈಚಳಕವಲ್ಲವೆ? ಮರಣಶಯ್ಯೆಯನ್ನು ತೋರಿಸಿದ ಮೇಲೆ ಯಾವ ಪ್ರೇಕ್ಷಕ ಅಳುವುದಿಲ್ಲ? ಅಳುವಿಗೆ ಕಾರಣ ಕಲೆಯೋ, ವಿಷಯವೋ? ಈ ಆಕ್ಷೇಪಣೆಯನ್ನು ನಾವು ಹಗುರವಾಗಿ ತಳ್ಳಿಹಾಕುವಂತಿಲ್ಲ. ಕಿರುಚಿತ್ರಗಳಲ್ಲಿ ಅನೇಕವು ಈ ದೋಷದಿಂದಲೇ ಕೆಡುತ್ತವೆ. ಆದರೆ ಈ ಚಿತ್ರದಲ್ಲಿ ಬಚ್ಚಿಟ್ಟಿರುವುದು ಏನನ್ನು, ಯಾರಿಂದ ಎಂಬುದನ್ನು ಸ್ವಲ್ಪ ನಿಧಾನವಾಗಿ ನೋಡಬೇಕು.

ವಿದ್ಯಾರ್ಥಿಗಳ ಒಂದು ಗುಂಪಿನೊಡನೆ ಕುಳಿತು ಈ ಚಿತ್ರವನ್ನು ನೋಡಿದಾಗ ಮೊದಲ ಅರ್ಧದಲ್ಲಿ ಅಲ್ಲಲ್ಲಿ ನಗೆ ಕೇಳಿಬಂತು. ಅದು ತಪ್ಪು ನಗೆಯಲ್ಲ. ಸಂಗೀತ ಬಾರದ ನಡುವಯಸ್ಸಿನ ದಪ್ಪ ಮನುಷ್ಯನೊಬ್ಬ ಹಾಡುಹಗಲಿನಲ್ಲಿ, ಬರಿದಾದ ಅಂಗಡಿಯಲ್ಲಿ, ಹಾಡಲು ಬಿಡಿ ಎಂದು ಪಟ್ಟುಹಿಡಿಯುವುದು ನೋಟಕ್ಕೆ ಹಾಸ್ಯವೇ. ಚಿತ್ರ ಆ ನಗೆಯನ್ನು ತಡೆಯುವುದಿಲ್ಲ, ಅದಕ್ಕೆ ಎಡೆಮಾಡಿಕೊಡುತ್ತದೆ. ಅಂದರೆ ಪ್ರೇಕ್ಷಕನನ್ನು ಅದು ಪ್ರೇಬೆನ್ನನ ಪಕ್ಕದ ಕುರ್ಚಿಯಲ್ಲಿ ಕೂರಿಸುತ್ತದೆ. ಪ್ರೇಬೆನ್ನನಿಗೆ ಏನು ಗೊತ್ತೋ ನಮಗೂ ಅಷ್ಟೇ ಗೊತ್ತು. ಅವನೇನು ಕ್ರೂರಿಯಲ್ಲ. ಲೆಕ್ಕ ಮುಗಿಸಬೇಕು, ಗದ್ದಲ ಬೇಡ, ಅಂಗಡಿ ಅವನದು. ಅವನ ವಾದದಲ್ಲಿ ನ್ಯಾಯವುಂಟು. ಲೂಯಿಸಳಿಗಾದರೂ ಹೆಚ್ಚೇನೂ ತಿಳಿಯದು. ಒಂದೇ ಅಜ್ಞಾನದ ಮುಂದೆ ಇಬ್ಬರು ಎರಡು ರೀತಿಯಾಗಿ ನಡೆದುಕೊಳ್ಳುತ್ತಾರೆ. ಒಬ್ಬಾಕೆ ಕಾರಣ ಕೇಳದೆ ಕೊಡುತ್ತಾಳೆ, ಇನ್ನೊಬ್ಬನಿಗೆ ಕಾರಣ ಬೇಕು.

ಈ ಭೇದವೇ ಚಿತ್ರದ ಹೂರಣವೆಂದು ನಮಗೆ ತೋರುತ್ತದೆ. ಸಂಗತಿಯನ್ನು ಬಚ್ಚಿಟ್ಟಿರುವುದು ನಮ್ಮನ್ನು ಬೆರಗುಗೊಳಿಸುವುದಕ್ಕಲ್ಲ. ಬಚ್ಚಿಡದಿದ್ದರೆ ಲೂಯಿಸಳ ನಡತೆಗೆ ಅರ್ಥವೇ ಇಲ್ಲವಾಗುತ್ತಿತ್ತು. ಹೆಂಡತಿ ಸಾಯುತ್ತಿದ್ದಾಳೆ ಎಂದು ಮೊದಲೇ ತಿಳಿಸಿದ್ದರೆ ಯಂತ್ರದ ಗುಂಡಿ ಒತ್ತುವುದು ಯಾರಿಗೂ ಕಷ್ಟವಲ್ಲ. ಪ್ರೇಬೆನ್ ಕೂಡ ಒತ್ತಿಯಾನು. ದುಃಖಕ್ಕೆ ಪ್ರಮಾಣಪತ್ರ ದೊರೆತ ಮೇಲೆ ಲೋಕ ಉದಾರವಾಗುತ್ತದೆ. ಪ್ರಮಾಣಪತ್ರವಿಲ್ಲದೆ ಬಂದವನಿಗೆ ಸಿಗುವುದೇನು? ಇಲ್ಲಿ ಹೆನ್ರಿಕ್‌ನ ದೌರ್ಬಲ್ಯ ಕಣ್ಣೀರಿನಲ್ಲಿ ಇಲ್ಲ, ಕೇಳಿಕೊಳ್ಳುವುದರಲ್ಲಿ ಇದೆ. ಅಪರಿಚಿತರ ಮುಂದೆ ಹುಚ್ಚಾಗಿ ಕಾಣುವಂಥದೊಂದನ್ನು ಬೇಡಬೇಕು. ಬೇಡುವುದಕ್ಕೆ ಕಾರಣವಾದ ಮಾತನ್ನು ಹೇಳಲು ಬಾಯಿ ಬಾರದು. ಹೇಳಿದರೆ ತಾನು ಅಲ್ಲಿಯೇ ಕುಸಿದುಬೀಳಬಹುದು. ಅಳುವವನಿಗೆ ಲೋಕದಲ್ಲಿ ಒಂದು ಮರ್ಯಾದೆಯಿದೆ. ಬೇಡುವವನಿಗೆ ಅದೂ ಇಲ್ಲ.

ಅಲಂಕಾರಶಾಸ್ತ್ರದಲ್ಲಿ ರಸವನ್ನಾಗಲಿ ಸ್ಥಾಯಿಯನ್ನಾಗಲಿ ಅದರ ಹೆಸರಿನಿಂದಲೇ ಕೂಗಿ ಹೇಳುವುದನ್ನು ದೋಷವೆಂದು ಎಣಿಸಿದ್ದಾರೆ. ‘ಇವನಿಗೆ ಶೋಕವಾಯಿತು’ ಎಂದ ಮಾತ್ರಕ್ಕೆ ಶೋಕ ಸಹೃದಯನಲ್ಲಿ ಮೂಡುವುದಿಲ್ಲ. ವಿಭಾವಾನುಭಾವಗಳ ಮೂಲಕ ಅದು ಸೂಚಿತವಾಗಬೇಕು. ಚಲಚ್ಚಿತ್ರದಲ್ಲಿ ಈ ದೋಷ ಬೇರೆ ವೇಷದಲ್ಲಿ ಬರುತ್ತದೆ. ಅಲ್ಲಿ ಹತ್ತಿರದಿಂದ ತೆಗೆದ ಕಣ್ಣೀರಿನ ಮುಖ, ಅದರ ಕೆಳಗೆ ಹರಿಯುವ ಪಿಟೀಲು, ಇವೇ ಸ್ವಶಬ್ದವಾಚ್ಯ. ಈ ಚಿತ್ರ ತನ್ನ ಬಹುಭಾಗದಲ್ಲಿ ಆ ದೋಷದಿಂದ ದೂರವಿದೆ. ಹೆನ್ರಿಕ್‌ನ ಅನುಭಾವಗಳೆಲ್ಲ ಶೋಕದವಲ್ಲ: ಆತುರ, ಸಂಕೋಚ, ಸಿಡುಕು, ಹಠ. ಶೋಕದ ಸ್ಥಾಯಿಗೆ ಇಂಥ ಅಡ್ಡದಾರಿಯ ಸಂಚಾರಿಗಳೇ ಬಲವೆಂಬುದು ನಟನಿಗೂ ನಿರ್ದೇಶಕನಿಗೂ ಚೆನ್ನಾಗಿ ತಿಳಿದಿದೆ.

ಇನ್ನು ಹಾಡಿನ ವಿಷಯ. ವೇಯ್ನ್ ಕಾರ್ಸನ್, ಜಾನಿ ಕ್ರಿಸ್ಟೊಫರ್, ಮಾರ್ಕ್ ಜೇಮ್ಸ್ ಎಂಬ ಮೂವರು ಅಮೆರಿಕನ್ನರು ಕಟ್ಟಿದ ಜನಪ್ರಿಯ ಗೀತೆ ಅದು. ಎಲ್ವಿಸ್ ಪ್ರೆಸ್ಲಿ 1972ರಲ್ಲಿ, ತನ್ನ ಹೆಂಡತಿಯಿಂದ ಬೇರ್ಪಟ್ಟ ಸ್ವಲ್ಪ ದಿನಗಳಲ್ಲೇ, ಅದನ್ನು ಹಾಡಿದ. 1982ರಲ್ಲಿ ವಿಲ್ಲಿ ನೆಲ್ಸನ್ ಮತ್ತೊಮ್ಮೆ ಹಾಡಿ ಪ್ರಸಿದ್ಧಗೊಳಿಸಿದ. ಪಂಡಿತರು ಗೌರವಿಸುವ ಸಂಗೀತವಲ್ಲ. ಅಂಗಡಿಮುಂಗಟ್ಟುಗಳಲ್ಲಿ ಕೇಳಿ ಕೇಳಿ ಸವೆದುಹೋದದ್ದು. ಹೀಗಿರುವಾಗ ನಿರ್ದೇಶಕ ಇದನ್ನೇಕೆ ಆರಿಸಿಕೊಂಡ? ಸವೆದಿರುವುದೇ ಕಾರಣವೆಂದು ನಾವು ತಿಳಿಯುತ್ತೇವೆ. ಹೆನ್ರಿಕ್ ಕವಿಯಲ್ಲ. ಜೀವನದ ಅತ್ಯಂತ ಕಠಿಣವಾದ ದಿನ ಅವನಿಗೆ ಸ್ವಂತ ಮಾತಿಲ್ಲ. ಇರುವುದು ಎಲ್ಲರ ಬಾಯಲ್ಲೂ ಸುಳಿದಾಡುವ ಮಾತು, ಅದೂ ಪರಭಾಷೆಯಲ್ಲಿ. ಕರೋಕೆ ಎಂಬ ಜಪಾನೀ ಶಬ್ದಕ್ಕೆ ‘ಬರಿದಾದ ವಾದ್ಯವೃಂದ’ ಎಂದು ಅರ್ಥ. ಹಾಡುವವನ ಜಾಗವನ್ನು ಖಾಲಿ ಬಿಟ್ಟು ಉಳಿದುದನ್ನೆಲ್ಲ ಸಿದ್ಧಪಡಿಸಿಟ್ಟ ಯಂತ್ರ ಅದು. ಸಾಹಿತ್ಯವನ್ನೂ ತೆರೆಯ ಮೇಲೆ ಅದೇ ಕೊಡುತ್ತದೆ. ಎರವಲು ರಾಗ, ಎರವಲು ನುಡಿ, ಎರವಲು ಭಾಷೆ. ಹಾಡುವವನದು ಎಂದು ಹೇಳಿಕೊಳ್ಳಲು ಉಳಿದದ್ದು ಧ್ವನಿಯೊಂದೇ. ಆ ಧ್ವನಿಯೋ ಶ್ರುತಿಶುದ್ಧವಾದುದಲ್ಲ. ಶವಸಂಸ್ಕಾರದಲ್ಲಿ ಪುರೋಹಿತ ಹೇಳಿಕೊಟ್ಟ, ಅರ್ಥ ತಿಳಿಯದ ಮಂತ್ರವನ್ನು ತಪ್ಪುತಪ್ಪಾಗಿ ಉಚ್ಚರಿಸುವ ಮಗನನ್ನು ನಾವೆಲ್ಲ ಕಂಡಿದ್ದೇವೆ. ಮಂತ್ರ ಅವನದಲ್ಲವೆಂದು ಅವನ ದುಃಖವನ್ನು ಸುಳ್ಳೆನ್ನುವವರುಂಟೆ?

ಇದಕ್ಕಿಂತಲೂ ಸೂಕ್ಷ್ಮವಾದ ಒಂದು ಸಂಗತಿ ಹಾಡಿನ ಅರ್ಥದಲ್ಲಿದೆ. ಅದು ವಿಲಾಪಗೀತೆಯಲ್ಲ, ಕ್ಷಮಾಪಣೆಯ ಗೀತೆ. ಪ್ರೀತಿಸಬೇಕಾದಷ್ಟು ಪ್ರೀತಿಸಲಿಲ್ಲ, ಆಡಬೇಕಾದ ಮಾತನ್ನು ಆಡಲಿಲ್ಲ ಎಂದು ಒಪ್ಪಿಕೊಂಡು, ಇನ್ನೊಂದು ಅವಕಾಶವನ್ನು ಬೇಡುವವನ ಹಾಡು. ತೀ. ನಂ. ಶ್ರೀಕಂಠಯ್ಯನವರ ‘ಭಾರತೀಯ ಕಾವ್ಯಮೀಮಾಂಸೆ’ಯನ್ನು ಪಠ್ಯವಾಗಿ ಓದಿದ ವಿದ್ಯಾರ್ಥಿಗಳಿಗೆ ವಿಪ್ರಲಂಭ, ಕರುಣ ಎಂಬ ಹೆಸರುಗಳು ಪರಿಚಿತ. ಇವೆರಡೂ ಅಗಲಿಕೆಯಿಂದ ಹುಟ್ಟಿದವೇ ಆದರೂ ಭರತನು ಅವನ್ನು ಬೇರ್ಪಡಿಸಿದ್ದು ಒಂದು ಗೆರೆಯಿಂದ: ವಿಪ್ರಲಂಭ ಸಾಪೇಕ್ಷ, ಕರುಣ ನಿರಪೇಕ್ಷ. ಮತ್ತೆ ಕೂಡುವ ಆಸೆ ಉಳಿದಿರುವವರೆಗೆ ಅದು ಶೃಂಗಾರದ ಒಂದು ಬಗೆ. ಆಸೆ ಕಡಿದುಹೋದೊಡನೆ ಕರುಣ. ಈಗ ಹೆನ್ರಿಕ್‌ನ ಹಾಡನ್ನು ಈ ಗೆರೆಯ ಮುಂದೆ ಇಟ್ಟು ನೋಡೋಣ. ಹಾಡಿನ ಮಾತು ಸಾಪೇಕ್ಷ. ಹಾಡುವವನ ಸ್ಥಿತಿ ನಿರಪೇಕ್ಷ. ಅವಕಾಶ ಕೊಡು ಎಂದು ಬೇಡುವ ನುಡಿಯನ್ನು, ಅವಕಾಶ ಇನ್ನಿಲ್ಲವೆಂದು ತಿಳಿದವನು, ಕೊಡಬೇಕಾದವಳು ಕೇಳಲಾರದ ಕಡೆಯಲ್ಲಿ ಹಾಡುತ್ತಿದ್ದಾನೆ. ವಿಪ್ರಲಂಭದ ಭಾಷೆಯಲ್ಲಿ ಕರುಣವನ್ನು ಹಾಡುವ ಈ ವೈಷಮ್ಯದಿಂದಲೇ ಸವೆದ ಹಾಡಿಗೆ ಹೊಸ ಅಲಗು ಬಂದಿದೆ. ಮೊದಲ ಸಲ ನೋಡುವಾಗ ನಮಗೆ ಕೇಳಿಸುವುದು ವಿಪ್ರಲಂಭ. ಗಂಡ ಹೆಂಡತಿಯರಲ್ಲಿ ಏನೋ ಮನಸ್ತಾಪ, ಇವನು ಒಲಿಸಿಕೊಳ್ಳಲು ಹೊರಟಿದ್ದಾನೆ ಎಂದೇ ನಾವು ಎಣಿಸುತ್ತೇವೆ. ಎರಡನೆಯ ಸಲ ಅದೇ ಸ್ವರಗಳು ಕರುಣವಾಗಿ ಕೇಳುತ್ತವೆ. ಹಾಡು ಬದಲಾಗಿಲ್ಲ.

ಬದುಕಿಗೂ ಸಾವಿಗೂ ನಡುವಿನ ಈ ಹೊಸ್ತಿಲು ಡೆನ್ಮಾರ್ಕಿನಲ್ಲಿ ಒಂದು ಕಾಲಕ್ಕೆ ಸಾರ್ವಜನಿಕ ಚರ್ಚೆಯ ವಸ್ತುವಾಗಿತ್ತೆಂಬುದನ್ನು ಇಲ್ಲಿ ಪ್ರಾಸಂಗಿಕವಾಗಿ ಹೇಳಬಹುದು. ಮಿದುಳಿನ ಕ್ರಿಯೆ ಸಂಪೂರ್ಣ ನಿಂತರೆ ಮನುಷ್ಯ ಸತ್ತಂತೆಯೇ ಎಂಬ ನಿಯಮವನ್ನು ಪಶ್ಚಿಮ ಯೂರೋಪಿನ ದೇಶಗಳ ಪೈಕಿ ಬಹಳ ತಡವಾಗಿ, 1990ರಲ್ಲಿ, ಆ ದೇಶ ಶಾಸನಬದ್ಧಗೊಳಿಸಿತು. ಅದಕ್ಕೆ ಮುನ್ನ ಅಲ್ಲಿಯ ನೀತಿಮಂಡಲಿ ಬೇರೆ ಅಭಿಪ್ರಾಯವನ್ನು ಮುಂದಿಟ್ಟಿತ್ತು: ಮಿದುಳು ನಿಂತಾಗ ಸಾವಿನ ಪ್ರಕ್ರಿಯೆ ಆರಂಭವಾಗುತ್ತದೆ, ಹೃದಯ ನಿಂತಾಗ ಅದು ಪೂರ್ಣವಾಗುತ್ತದೆ, ಬಂಧುಗಳು ಅನುಭವಿಸುವ ಸಾವು ಈ ಎರಡನೆಯದು. ಪಾರ್ಲಿಮೆಂಟು ಈ ವಾದವನ್ನು ಒಪ್ಪಲಿಲ್ಲ. ಚಿತ್ರದ ಹೆಂಡತಿಯ ರೋಗನಿರ್ಣಯ ನಮಗೆ ಮುಖ್ಯವಲ್ಲ. ಆದರೆ ಕಾಯಿದೆಗೂ ಕೈಹಿಡಿದು ಕೂತವನ ಅನುಭವಕ್ಕೂ ನಡುವೆ ಒಂದು ಅಂತರವುಂಟೆಂದು ವಾದಿಸಿದ ಜನರ ನಡುವೆ ಈ ಕಥೆ ಹುಟ್ಟಿದೆ. ಹೆನ್ರಿಕ್ ಹಾಡುವುದು ಆ ಅಂತರದಲ್ಲಿ ನಿಂತು.

ಡೇನಿಷ್ ಚಲಚ್ಚಿತ್ರವನ್ನು ಬಲ್ಲವರಿಗೆ ಈ ಸನ್ನಿವೇಶ ಕಾರ್ಲ್ ಥಿಯೊಡೋರ್ ಡ್ರೈಯರನ 1955ರ ‘ಓರ್ದೆತ್’ ಚಿತ್ರವನ್ನು ನೆನಪಿಗೆ ತರದೆ ಇರದು. ‘ಓರ್ದೆತ್’ ಎಂದರೆ ‘ನುಡಿ’. ಕಾಯ್ ಮುಂಕ್ ಎಂಬ ಪಾದ್ರಿ-ನಾಟಕಕಾರನ ಕೃತಿಯನ್ನು ಆಧರಿಸಿದ ಆ ಚಿತ್ರದ ಕೊನೆಯಲ್ಲಿ, ಹೆರಿಗೆಯಲ್ಲಿ ಸತ್ತ ಇಂಗರ್ ಶವಪೆಟ್ಟಿಗೆಯಲ್ಲಿ ಮಲಗಿರುವಾಗ, ಹುಚ್ಚನೆಂದು ಎಲ್ಲರೂ ಬಗೆದ ಯೊಹಾನೆಸ್ ಬಂದು ನುಡಿಯುತ್ತಾನೆ. ಸತ್ತವಳು ಕಣ್ಣು ತೆರೆಯುತ್ತಾಳೆ. ಆ ನುಡಿಗೆ ಶಕ್ತಿಯಿದೆ, ಏಕೆಂದರೆ ಅದು ಶ್ರದ್ಧೆಯ ನುಡಿ, ದೈವದ ನುಡಿ. ಅರವತ್ತಾರು ವರ್ಷಗಳ ಅನಂತರ ಅದೇ ದೇಶದ ಇನ್ನೊಂದು ಚಿತ್ರದಲ್ಲಿ ಇನ್ನೊಬ್ಬ ‘ಹುಚ್ಚ’ ನುಡಿಯುತ್ತಾನೆ. ಇವನ ಶಾಸ್ತ್ರ ಕರೋಕೆ ಯಂತ್ರ, ಇವನ ಮಂತ್ರ ಎಲ್ವಿಸನ ಹಾಡು. ಯಾರೂ ಏಳುವುದಿಲ್ಲ. ಸ್ಟ್ರಾಂಗೆ-ಹ್ಯಾನ್ಸನ್ ಡ್ರೈಯರನನ್ನು ಉದ್ದೇಶಪೂರ್ವಕವಾಗಿ ನೆನೆದಿದ್ದಾನೆಂದು ನಾವು ಹೇಳುವುದಿಲ್ಲ; ಎರಡನ್ನೂ ಒಂದೇ ತಕ್ಕಡಿಯಲ್ಲಿ ತೂಗುವುದು ಚಿಕ್ಕ ಚಿತ್ರಕ್ಕೆ ಅನ್ಯಾಯ. ಆದರೂ ಪವಾಡವನ್ನು ಕಳೆದುಕೊಂಡ ಲೋಕದಲ್ಲಿ ನುಡಿಗೆ ಏನು ಕೆಲಸ ಉಳಿದಿದೆ ಎಂಬ ಪ್ರಶ್ನೆಯನ್ನು ಚಿಕ್ಕ ಚಿತ್ರ ಎತ್ತಿದೆ. ಸತ್ತವರನ್ನು ಎಬ್ಬಿಸದ ಆ ಹಾಡು ಕೌಂಟರಿನ ಆಚೆ ನಿಂತ ಒಬ್ಬಳನ್ನು ಮುಟ್ಟುತ್ತದೆ.

ಸಾವಿನ ಸಮೀಪದಲ್ಲಿ ಮನುಷ್ಯರು ಒಬ್ಬರನ್ನೊಬ್ಬರು ಮುಟ್ಟುವ ಬಗೆ ಡೇನಿಷ್ ಕಿರುಚಿತ್ರಗಳಲ್ಲಿ ಮತ್ತೆಮತ್ತೆ ಬರುವ ವಸ್ತು. ತೋಮಸ್ ವಿಂಟರ್‌ಬೆರ್ಗನ 1994ರ ಚಿತ್ರದಲ್ಲಿ ಅಣ್ಣನನ್ನು ಕಳೆದುಕೊಂಡ ಹುಡುಗನೊಬ್ಬ ಹಿಮ್ಮುಖವಾಗಿ ನಡೆದು ಕಾಲವನ್ನು ಹಿಂದಿರುಗಿಸಲು ಯತ್ನಿಸುತ್ತಾನೆ. ಕ್ರಿಶ್ಚಿಯನ್ ಇ. ಕ್ರಿಶ್ಚಿಯನ್ಸನ್ನನ 2007ರ ‘ಓಮ್ ನಾತ್ತೆನ್’ ಕ್ಯಾನ್ಸರ್ ವಾರ್ಡಿನಲ್ಲಿ ಹೊಸ ವರ್ಷವನ್ನು ಎದುರುನೋಡುವ ಮೂವರು ತರುಣಿಯರ ಕಥೆ. ಆಂಡರ್ಸ್ ವಾಲ್ಟರನ 2013ರ ‘ಹೀಲಿಯಂ’, 2014ರಲ್ಲಿ ಆಸ್ಕರ್ ಪಡೆದದ್ದು, ಹೆಚ್ಚು ಜನ ನೋಡಿರಬಹುದಾದ ಚಿತ್ರ. ಅದರಲ್ಲಿ ಆಸ್ಪತ್ರೆಯ ಜಾಡಮಾಲಿ ಎನ್ಸೊ, ಸಾಯಲಿರುವ ಆಲ್ಫ್ರೆಡ್ ಎಂಬ ಬಾಲಕನಿಗೆ, ಸ್ವರ್ಗಕ್ಕಿಂತ ಸೊಗಸಾದ, ತೇಲುವ ದ್ವೀಪಗಳ ಲೋಕವೊಂದನ್ನು ಕಲ್ಪಿಸಿ ಹೇಳುತ್ತಾನೆ. ಅದು ನಮಗೆ ಪ್ರಿಯವಾದ ಚಿತ್ರವೇ. ಆದರೆ ಎನ್ಸೊನಿಗೆ ಕಥೆ ಕಟ್ಟುವ ಶಕ್ತಿ ಇದೆ, ನಿರ್ದೇಶಕನಿಗೆ ಆ ದ್ವೀಪಗಳನ್ನು ತೆರೆಯ ಮೇಲೆ ತೋರಿಸುವ ಸಾಧನವಿದೆ. ಬಾಲಕನ ಕಲ್ಪನೆಗೆ ಬಿಡಬೇಕಾಗಿದ್ದನ್ನು ತೋರಿಸಿಯೇ ಬಿಡುತ್ತಾನೆ. ಮಾತಿಲ್ಲದ ಹೆನ್ರಿಕ್‌ನ ಪಾಡು ಅದಕ್ಕಿಂತ ನಮಗೆ ಹತ್ತಿರ.

ಹೊಗಳಿಕೆ ಇಷ್ಟಾಯಿತು. ಆಸ್ಪತ್ರೆಯ ಭಾಗದ ಬಗ್ಗೆ ನಮ್ಮ ಅಸಮಾಧಾನವನ್ನೂ ಹೇಳಬೇಕು. ಕಾರಣ ಕೇಳದೆ ಕೊಡುವ ಲೂಯಿಸಳನ್ನು ಮೆಚ್ಚಿಸಿದ ಚಿತ್ರ, ಕೊನೆಯ ನಿಮಿಷಗಳಲ್ಲಿ ನಮಗೆ ಕಾರಣವನ್ನು ಕೊಟ್ಟುಬಿಡುತ್ತದೆ. ಲೂಯಿಸಳಾಗಿ ಕೂತಿದ್ದ ಪ್ರೇಕ್ಷಕನಿಗೆ ಅದು ಬೇಕಾಗಿರಲಿಲ್ಲ. ಪ್ರೇಬೆನ್ನನಾಗಿ ಕೂತಿದ್ದವನಿಗೆ ಬೇಕು. ಹಾಸಿಗೆ, ಯಂತ್ರಗಳು, ಬಿಳಿಯ ಬೆಳಕು, ಇವುಗಳಿಂದ ನಮ್ಮ ಮರುಕಕ್ಕೆ ಮೊಹರು ಬೀಳುತ್ತದೆ. ಮುಂಚೆ ನಕ್ಕವರು ನಾಚಿಕೊಂಡು ಅಳುತ್ತಾರೆ. ಆ ನಾಚಿಕೆ ಬೆಲೆಯುಳ್ಳದ್ದೇ ಸರಿ. ಆದರೆ ಮೊಹರಿಲ್ಲದ ಮರುಕವನ್ನು ನಮ್ಮಿಂದ ಕೇಳುವ ಧೈರ್ಯ ಕೊನೆಗೆ ಚಿತ್ರಕ್ಕೆ ಸಾಲದೆಹೋಯಿತೆ? ಪಾನಗೃಹದ ಬಾಗಿಲಿನಾಚೆ ಹೆನ್ರಿಕ್ ಹೊರಟುಹೋಗುವಲ್ಲಿಗೇ ನಿಲ್ಲಿಸಿದ್ದರೆ, ಅಷ್ಟರೊಳಗೆ ದೊರೆತ ಸೂಚನೆಗಳಿಂದಲೇ ಸಹೃದಯನು ಉಳಿದುದನ್ನು ಊಹಿಸಬಹುದಿತ್ತು ಎಂದು ನಾವು ಮೊದಲು ಎಣಿಸಿದ್ದೆವು.

ಮತ್ತೊಮ್ಮೆ ನೋಡಿದ ಮೇಲೆ ಆ ತೀರ್ಪನ್ನು ಸ್ವಲ್ಪ ಸಡಿಲಿಸಬೇಕಾಯಿತು. ಹಾಡು ಮುಟ್ಟಬೇಕಾದವಳನ್ನು ತೋರಿಸದೆ ಬಿಟ್ಟರೆ ಹೆನ್ರಿಕ್‌ನ ಆತುರವೆಲ್ಲ ಅವನ ಸ್ವಂತ ಸಮಾಧಾನಕ್ಕಾಗಿ ಎಂದಾಗಿಬಿಡುತ್ತದೆ. ಅವಳಿಗೆ ಅದು ಕೇಳಿಸಿತೋ ಇಲ್ಲವೋ ಎಂಬುದು ಬೇರೆ ಮಾತು. ಪ್ರಜ್ಞೆ ತಪ್ಪಿದವರ ಮಿದುಳು ಕೂಡ ಕೊನೆಯ ಗಳಿಗೆಗಳಲ್ಲಿ ಶಬ್ದಕ್ಕೆ ಪ್ರತಿಸ್ಪಂದಿಸಬಹುದೆಂದು ಕೆನಡದ ಬ್ರಿಟಿಷ್ ಕೊಲಂಬಿಯ ವಿಶ್ವವಿದ್ಯಾಲಯದ ಸಂಶೋಧಕರು 2020ರಲ್ಲಿ ಪ್ರಕಟಿಸಿದ್ದುಂಟು. ಆದರೆ ಕೇಳಿದ್ದು ಅರ್ಥವಾಗುತ್ತದೆಯೇ ಎಂಬುದನ್ನು ಅವರೂ ನಿರ್ಧರಿಸಿ ಹೇಳಿಲ್ಲ. ಚಿತ್ರವೂ ಹೇಳುವುದಿಲ್ಲ. ಅಲ್ಲಿ ಅದು ತನ್ನ ಮೌನವನ್ನು ಉಳಿಸಿಕೊಂಡಿದೆ.

ಎರಡನೆಯ ಸಲ ನೋಡುವಾಗ ನಮ್ಮ ಕಣ್ಣು ಹೆನ್ರಿಕ್‌ನ ಮೇಲೆ ನಿಲ್ಲಲಿಲ್ಲ. ಯಂತ್ರದತ್ತ ನೋಡಿ ಅವನು ತನ್ನ ಬೇಡಿಕೆಯನ್ನು ಮುಂದಿಡುವಾಗ ಕೌಂಟರಿನ ಹಿಂದೆ ನಿಂತ ಲೂಯಿಸಳನ್ನೇ ನೋಡುತ್ತಿದ್ದೆವು. ಅವಳಿಗೆ ಇನ್ನೂ ಏನೂ ಗೊತ್ತಿಲ್ಲ; ಒಪ್ಪಬೇಕೆಂಬ ನಿರ್ಬಂಧವೂ ಇಲ್ಲ.